ಲ್ಯಾಸಿಯ ಹುಡುಗನ ಟೇಬಲ್

ಕ್ಲಿಪ್ಪರ್, ಫಾಕ್ಸ್‌ಪ್ರೋ ಅನ್ನೋ ಹಳೆ ಡೇಟಾಬೇಸ್ ಸಾಫ್ಟ್‌ವೇರ್‌ಗಳ ಕಾಲದಲ್ಲಿ ಪ್ರೋಗ್ರಾಂ ಬರೆದವರಿಗೆ ಟಾಮ್ ರೆಟಿಗ್ ಅನ್ನೋ ಹೆಸರು ನೆನಪಿರಬಹುದು. ಪ್ರೋಗ್ರಾಂಗೆ ಹಾಗೇ ಸೇರಿಸಿಕೊಳ್ಳೋ ರೆಡಿಮೇಡ್ ಫಂಕ್ಷನ್‌ಗಳ, ಅಂದ್ರೆ ಕೋಡ್ ತುಣುಕುಗಳ, ಒಂದು ಲೈಬ್ರರಿ ಅವರ ಹೆಸರಲ್ಲೇ ಇತ್ತು. 1950ರ ದಶಕದಲ್ಲಿ ಅಮೆರಿಕದ ಟಿವಿಯಲ್ಲಿ ಲ್ಯಾಸಿ ನಾಯಿಯ ಜೊತೆ ಓಡಾಡುತ್ತಿದ್ದ ಟಾಮಿ ರೆಟಿಗ್ ಅನ್ನೋ ಹುಡುಗನೂ ಇವರೇ ಅಂತ ನನಗೆ ಗೊತ್ತಾಗಿದ್ದು ಬಹಳ ತಡವಾಗಿ. ಗೊತ್ತಾದ ಮೇಲೆ ಸುಮ್ನೆ ಇರೋಕೆ ಆಗಲಿಲ್ಲ. ಅವರ ನಟನೆಯ ವರ್ಷಗಳನ್ನು ಜೋಡಿಸುತ್ತಾ ಕೂತೆ.

ಮೊದಲು ಮಾಡಿದ್ದು ಒಂದು ಟೇಬಲ್. ನಮ್ಮ ಕಸುಬೇ ಅದು, ಅಲ್ವಾ? ದಿನಾಂಕ, ಕಾರ್ಯಕ್ರಮ, ಪಾತ್ರ, ಮಾಹಿತಿ ಎಲ್ಲಿ ಸಿಕ್ಕಿತು, ಜೊತೆಗೆ ವಯಸ್ಸು. ಬಾಲನಟರ ಬಗ್ಗೆ ಬರೆಯೋರು ವಯಸ್ಸಿನ ಕಾಲಂ ಮಾತ್ರ ಬಿಡಬೇಡಿ. ರೆಟಿಗ್ ಹುಟ್ಟಿದ್ದು 1941ರ ಡಿಸೆಂಬರ್‌ನಲ್ಲಿ. ಟಿವಿಗೆ ಬರೋ ಮುಂಚೆಯೇ ಸಿನಿಮಾಗಳ ಸಾಲು ಇತ್ತು. ಮರ್ಲಿನ್ ಮನ್ರೋ ಇದ್ದ 'ರಿವರ್ ಆಫ್ ನೋ ರಿಟರ್ನ್' ಕೂಡ ಅದರಲ್ಲೊಂದು. 1954ರ ಸೆಪ್ಟೆಂಬರ್‌ನಲ್ಲಿ ಸಿಬಿಎಸ್ ಟಿವಿ ನೆಟ್‌ವರ್ಕ್‌ನಲ್ಲಿ 'ಲ್ಯಾಸಿ' ಶುರುವಾದಾಗ ಜೆಫ್ ಪಾತ್ರದ ಈ ಹುಡುಗನಿಗೆ 12 ವರ್ಷ. 1957ರಲ್ಲಿ ಬಿಟ್ಟಾಗ 15. ಅವನ ಜಾಗಕ್ಕೆ ಬಂದ ಜಾನ್ ಪ್ರೊವೋಸ್ಟ್‌ಗೆ ಆಗ ಬರೀ 7. ಟೇಬಲ್‌ನಲ್ಲಿ ಈ ಮೂರು ಅಂಕಿ ಒಂದರ ಕೆಳಗೊಂದು ಕೂತಾಗಲೇ ಆ ಕಾಲದ ಟಿವಿ ಹೇಗೆ ಯೋಚಿಸುತ್ತಿತ್ತು ಅಂತ ನನಗೆ ಅರ್ಥವಾಗಿದ್ದು. ನಾಯಿಗೆ ವಯಸ್ಸಾದರೆ ಅದೇ ವಂಶದ ಇನ್ನೊಂದು ನಾಯಿ ಬರುತ್ತಿತ್ತು, ಹೆಸರು ಮಾತ್ರ ಲ್ಯಾಸಿ ಅಂತಲೇ. ಹುಡುಗ ಬೆಳೆದರೆ ಪಾತ್ರವೇ ಮುಗಿಯಿತು. ಅದೇ ವರ್ಷ ತಾತನ ಪಾತ್ರದ ಜಾರ್ಜ್ ಕ್ಲೀವ್‌ಲ್ಯಾಂಡ್ ತೀರಿಕೊಂಡಿದ್ದರು. ಕಥೆಯಲ್ಲೂ ತಾತ ಸತ್ತರು, ಜೆಫ್ ಮತ್ತು ಅಮ್ಮ ತೋಟ ಮಾರಿ ಪಟ್ಟಣಕ್ಕೆ ಹೋದರು, ನಾಯಿ ಹೊಸ ಹುಡುಗನಿಗೆ ಉಳಿಯಿತು.

ಆಮೇಲೆ ಕಂತುಗಳನ್ನು ಸೌಂಡ್ ಆಫ್ ಮಾಡಿ ನೋಡಿದೆ. ಮಾತು ಕೇಳುತ್ತಿದ್ದರೆ ಗಮನ ಕಥೆಯ ಕಡೆ ಹೋಗಿಬಿಡುತ್ತದೆ. ನನಗೆ ಬೇಕಿದ್ದದ್ದು ಹುಡುಗ. ಅಮ್ಮನ ಪಾತ್ರದ ನಟಿ ಜ್ಯಾನ್ ಕ್ಲೇಟನ್ ಪಕ್ಕ ಅವನ ಎತ್ತರ ನೋಡುತ್ತಾ ಹೋದರೆ ಇದು ಯಾವ ವರ್ಷದ ಕಂತು ಅಂತ ಒಂದು ಅಂದಾಜು ಸಿಗುತ್ತದೆ.

ತಲೆ ತಿಂದಿದ್ದು ದಿನಾಂಕಗಳು. ಹಳೆ ಪತ್ರಿಕೆಗಳ ಟಿವಿ ಪಟ್ಟಿಯಲ್ಲಿ 'ಜೆಫ್ಸ್ ಕಾಲಿ' (ಕಾಲಿ ಅಂದ್ರೆ ಲ್ಯಾಸಿಯ ನಾಯಿತಳಿ) ಅಂತ ಇನ್ನೊಂದು ಕಾರ್ಯಕ್ರಮ ಕಾಣುತ್ತದೆ. ಅದು ಬೇರೆ ಏನೂ ಅಲ್ಲ, ರೆಟಿಗ್ ಇದ್ದ ಹಳೆ ಕಂತುಗಳೇ. ನೆಟ್‌ವರ್ಕ್‌ನಲ್ಲಿ ಹೊಸ ಹುಡುಗನ 'ಲ್ಯಾಸಿ' ಓಡುತ್ತಿರುವಾಗಲೇ ಹಳೆಯದನ್ನು ಈ ಹೆಸರಲ್ಲಿ ಸ್ಥಳೀಯ ಸ್ಟೇಷನ್‌ಗಳಿಗೆ ಮಾರಿದ್ದರು. ಹಾಗಾಗಿ ಮೊದಲ ಪ್ರಸಾರಕ್ಕೆ ಒಂದು ಕಾಲಂ, ಮರುಪ್ರಸಾರಕ್ಕೆ ಇನ್ನೊಂದು ಇಟ್ಟುಕೊಳ್ಳಿ. ಇಲ್ಲದಿದ್ದರೆ ಮೀಸೆ ಬಂದ ಯುವಕ ನಿಮ್ಮ ಲೆಕ್ಕದಲ್ಲಿ ಇನ್ನೂ ಹುಡುಗನ ಪಾತ್ರ ಮಾಡುತ್ತಲೇ ಇರುತ್ತಾನೆ! ದುಡ್ಡಿನ ಕಥೆಯೂ ಇಲ್ಲೇ ಇದೆ. ಎಷ್ಟು ಸಲ ಮರುಪ್ರಸಾರ ಮಾಡಿದರೂ ನಟರಿಗೆ ಹಣ ಬರಬೇಕು ಅನ್ನೋ ಒಪ್ಪಂದವನ್ನು ನಟರ ಸಂಘ ಪಡೆದದ್ದು ರೆಟಿಗ್ 'ಲ್ಯಾಸಿ' ಬಿಟ್ಟು ಎಷ್ಟೋ ವರ್ಷದ ಮೇಲೆ, 1974ರಲ್ಲಿ. ಬಾಲನಟರ ಹಣ ಕಾಯೋಕೆ ಕೂಗನ್ ಕಾಯ್ದೆ 1939ರಲ್ಲೇ ಬಂದಿತ್ತು. ಆದರೆ ಸಂಪಾದನೆಯ ಶೇ. 15ರಷ್ಟನ್ನು ಎತ್ತಿಡುವುದು ಕ್ಯಾಲಿಫೋರ್ನಿಯಾದಲ್ಲಿ ಕಡ್ಡಾಯವಾಗಿದ್ದು 2000ದಲ್ಲಿ.

1965ರಲ್ಲಿ 'ನೆವರ್ ಟೂ ಯಂಗ್' ಅನ್ನೋ ಧಾರಾವಾಹಿ ಇದೆ. ಅದರಾಚೆ ನಟನೆಯ ಸಾಲುಗಳು ಕಡಿಮೆ. 1970ರ ದಶಕದಲ್ಲಿ ಮಾದಕವಸ್ತು ಕೇಸುಗಳು ಬರುತ್ತವೆ. ಇಂಥವರ ಬಗ್ಗೆ ಬರೆಯೋರು ಜಾಸ್ತಿ ಜನ ಇಲ್ಲಿಗೆ ಬಂದು 'ಅಯ್ಯೋ ಪಾಪ' ಅಂತ ಮುಗಿಸುತ್ತಾರೆ. ನನಗೆ ಅದು ಸೋಮಾರಿತನ ಅನ್ನಿಸುತ್ತದೆ. ಮನುಷ್ಯನಿಗೆ ಇನ್ನೂ ಅರ್ಧ ಆಯಸ್ಸು ಬಾಕಿ ಇತ್ತು. ಡಿಬೇಸ್ ಅನ್ನೋ ಡೇಟಾಬೇಸ್ ಸಾಫ್ಟ್‌ವೇರ್ ಮಾಡುತ್ತಿದ್ದ ಆಷ್ಟನ್-ಟೇಟ್ ಕಂಪನಿಯಲ್ಲಿ ಶುರುವಿನ ದಿನಗಳಲ್ಲೇ ಕೆಲಸಕ್ಕೆ ಸೇರಿ, ಆಮೇಲೆ ಸ್ವಂತ ಸಾಫ್ಟ್‌ವೇರ್ ಬರೆದು ಮಾರಿದವರು ಇವರು. 1991ರಲ್ಲಿ 'ದಿ ನ್ಯೂ ಲ್ಯಾಸಿ'ಯಲ್ಲಿ ಅತಿಥಿಯಾಗಿ ಬಂದರು. 1996ರಲ್ಲಿ ತೀರಿಕೊಂಡಾಗ 54 ವರ್ಷ.

ಈಗ ನನ್ನ ಕೆಲಸ ನಿಂತಿರೋದು ಟೇಬಲ್‌ನ ಸಾಫ್ಟ್‌ವೇರ್ ಸಾಲುಗಳಲ್ಲೇ. ನಟನೆಯ ವರ್ಷಗಳನ್ನು ಅಭಿಮಾನಿಗಳು ಬರೆದಿಟ್ಟಿದ್ದಾರೆ, ಪ್ರೋಗ್ರಾಂಗಳ ವರ್ಷಗಳನ್ನು ಯಾರೂ ಅಷ್ಟು ಪ್ರೀತಿಯಿಂದ ಬರೆದಿಡಲ್ಲ ನೋಡಿ. ನಿಮ್ಮ ಅಟ್ಟದ ಮೇಲೆ ಆ ಲೈಬ್ರರಿಯ ಹಳೆ ಮ್ಯಾನ್ಯುಯಲ್ ಏನಾದರೂ ಬಿದ್ದಿದ್ದರೆ, ಕಾಪಿರೈಟ್ ಪುಟದಲ್ಲಿರೋ ವರ್ಷ ಒಂಚೂರು ನೋಡಿ ತಿಳಿಸಿ.