ಹತ್ತಾರು ಸಾಲು ಕೋಡನ್ನು ಒಟ್ಟಿಗೆ ಇಂಡೆಂಟ್ ಮಾಡುವುದು: ನನ್ನ ಅನುಭವ

ಪೈಥಾನ್ ಪ್ರೋಗ್ರಾಮಿಂಗ್ ಭಾಷೆಯಲ್ಲಿ ಸಾಲಿನ ಮುಂದಿರುವ ಖಾಲಿ ಜಾಗವೂ ಕೋಡೇ. ಯಾವ ಸಾಲು ಲೂಪಿನ (ಮತ್ತೆ ಮತ್ತೆ ನಡೆಯುವ ಭಾಗದ) ಒಳಗಿದೆ, ಯಾವುದು ಹೊರಗಿದೆ ಅನ್ನುವುದನ್ನು ತೀರ್ಮಾನಿಸುವುದು ಆ ಜಾಗ. ಹಾಗಾಗಿ ಒಂದಷ್ಟು ಸಾಲನ್ನು ಒಟ್ಟಿಗೆ ಒಳಗೆ ಸರಿಸುವ, ಅಂದರೆ ಇಂಡೆಂಟ್ ಮಾಡುವ ಕೆಲಸವನ್ನು ನಾನು ತುಂಬಾ ಗಮನ ಕೊಟ್ಟು ಮಾಡುತ್ತೇನೆ. ಒತ್ತಬೇಕಾದ ಕೀ ಒಂದೋ ಎರಡೋ ಅಷ್ಟೇ. ಆದರೆ ಒತ್ತುವ ಮೊದಲು ಮತ್ತು ಒತ್ತಿದ ಮೇಲೆ ಏನು ನೋಡಬೇಕು ಅನ್ನುವುದೇ ಇದರಲ್ಲಿ ಮುಖ್ಯ.

ನನ್ನದು ಡೇಟಾ ಕೆಲಸ. ಸಿಎಸ್‌ವಿ ಫೈಲ್ (ಕಾಮಾ ಹಾಕಿ ಬೇರ್ಪಡಿಸಿದ ಪಟ್ಟಿ) ಓದುವುದು, ಕ್ಲೀನ್ ಮಾಡುವುದು, ಲೆಕ್ಕ ಹಾಕುವುದು. ಇಂಥ ಸ್ಕ್ರಿಪ್ಟ್‌ಗಳೆಲ್ಲ ಹೆಚ್ಚುಕಡಿಮೆ ಒಂದೇ ಥರ ಬೆಳೆಯುತ್ತವೆ. ಮೊದಲು ಒಂದು ಫೈಲಿಗೆ ಅಂತ ಬರೆಯುತ್ತೇವೆ. ಅದು ಸರಿಯಾಗಿ ಓಡಿದ ಮೇಲೆ ಅದೇ ಕೆಲಸ ಇಡೀ ಫೋಲ್ಡರ್‌ಗೆ ಬೇಕಾಗುತ್ತದೆ. ಆಗ ಮೇಲೆ ಒಂದು ಫಾರ್ ಲೂಪ್ ಸೇರುತ್ತದೆ, ಕೆಳಗಿನ ಮೂವತ್ತೋ ನಲವತ್ತೋ ಸಾಲು ಒಂದು ಹಂತ ಒಳಗೆ ಹೋಗಬೇಕು. ಒಂದೊಂದೇ ಸಾಲಿಗೆ ಹೋಗಿ ನಾಲ್ಕು ಸಲ ಸ್ಪೇಸ್ ಒತ್ತುವವರನ್ನು ಈಗಲೂ ನೋಡುತ್ತೇನೆ. ಕೈಗೆ ಸುಮ್ನೆ ಶ್ರಮ. ಅದಕ್ಕಿಂತ ಹೆಚ್ಚಾಗಿ, ನಡುವೆ ಎಲ್ಲೋ ಒಂದು ಸಾಲಿಗೆ ಮೂರೇ ಸ್ಪೇಸ್ ಬಿದ್ದಿರುತ್ತದೆ.

ನಾನು ದಿನವಿಡೀ ಬಳಸುವುದು ವಿಎಸ್ ಕೋಡ್ ಅನ್ನುವ ಎಡಿಟರ್. ಅದರಲ್ಲಿ ಸಾಲುಗಳನ್ನು ಸೆಲೆಕ್ಟ್ ಮಾಡಿ ಟ್ಯಾಬ್ ಒತ್ತಿದರೆ ಎಲ್ಲವೂ ಒಂದು ಹಂತ ಒಳಗೆ ಹೋಗುತ್ತವೆ. ಶಿಫ್ಟ್ ಹಿಡಿದು ಟ್ಯಾಬ್ ಒತ್ತಿದರೆ ಒಂದು ಹಂತ ಹೊರಗೆ ಬರುತ್ತವೆ. ಇದು ಎಲ್ಲರಿಗೂ ಗೊತ್ತು. ನನಗೆ ಇದಕ್ಕಿಂತ ಇಷ್ಟವಾದದ್ದು ಕಂಟ್ರೋಲ್ ಜೊತೆ ಚೌಕ ಬ್ರಾಕೆಟ್. ಕಂಟ್ರೋಲ್ + ] ಒಳಗೆ, ಕಂಟ್ರೋಲ್ + [ ಹೊರಗೆ. ಮ್ಯಾಕ್‌ನಲ್ಲಿ ಕಂಟ್ರೋಲ್ ಬದಲು ಕಮಾಂಡ್. ಯಾಕೆ ಇದೇ ಅಂದರೆ, ಟ್ಯಾಬ್ ಕೀಗೆ ಎರಡು ಕೆಲಸ ಇವೆ. ಒಂದೇ ಸಾಲಿನ ಒಂದು ಪದ ಮಾತ್ರ ಸೆಲೆಕ್ಟ್ ಆಗಿದ್ದಾಗ ಟ್ಯಾಬ್ ಒತ್ತಿದರೆ ಆ ಪದವೇ ಅಳಿಸಿ ಹೋಗಿ ಅಲ್ಲಿ ಖಾಲಿ ಜಾಗ ಬರುತ್ತದೆ. ಬ್ರಾಕೆಟ್ ಶಾರ್ಟ್‌ಕಟ್ ಹಾಗೆ ಮಾಡುವುದಿಲ್ಲ. ಕರ್ಸರ್ ಸಾಲಿನಲ್ಲಿ ಎಲ್ಲೇ ಇರಲಿ, ಏನೂ ಸೆಲೆಕ್ಟ್ ಆಗಿರದಿದ್ದರೂ, ಇಡೀ ಸಾಲನ್ನೇ ಸರಿಸುತ್ತದೆ. ಪೈಥಾನ್ ಜೊತೆ ಬರುವ ಐಡಲ್ ಎಡಿಟರ್‌ನಲ್ಲೂ ಜುಪಿಟರ್ ನೋಟ್‌ಬುಕ್‌ನಲ್ಲೂ ಇದೇ ಕೀಗಳು ನಡೆಯುತ್ತವೆ. ಹಾಗಾಗಿ ಒಂದು ಸಲ ಬೆರಳಿಗೆ ಅಭ್ಯಾಸವಾದರೆ ಎಲ್ಲ ಕಡೆಯೂ ಅದೇ.

ಸೆಲೆಕ್ಟ್ ಮಾಡುವುದಕ್ಕೆ ಮೌಸ್ ಎಳೆಯುವ ಅಗತ್ಯ ಇಲ್ಲ. ಮೊದಲ ಸಾಲಿನಲ್ಲಿ ಕರ್ಸರ್ ಇಟ್ಟು ಕಂಟ್ರೋಲ್ + ಎಲ್ ಒತ್ತಿದರೆ ಆ ಸಾಲು ಪೂರ್ತಿ ಸೆಲೆಕ್ಟ್ ಆಗುತ್ತದೆ, ಮತ್ತೆ ಒತ್ತಿದರೆ ಮುಂದಿನದೂ ಸೇರುತ್ತದೆ. ಬ್ಲಾಕ್ ದೊಡ್ಡದಾಗಿದ್ದರೆ ಮೊದಲ ಸಾಲಿನ ನಂಬರ್ ಮೇಲೆ ಒಂದು ಕ್ಲಿಕ್, ಕೊನೆಯ ಸಾಲಿನ ನಂಬರ್ ಮೇಲೆ ಶಿಫ್ಟ್ ಹಿಡಿದು ಇನ್ನೊಂದು ಕ್ಲಿಕ್. ಹೀಗೆ ಮಾಡಿದಾಗ ಕರ್ಸರ್ ಕೆಳಗಿನ ಸಾಲಿನ ಶುರುವಿನಲ್ಲಿ ಹೋಗಿ ನಿಂತಿರುತ್ತದೆ. ಹಾಗಾದರೆ ಆ ಸಾಲೂ ಸರಿಯುತ್ತದಾ ಅಂತ ಅನುಮಾನ ಬರುವುದು ಸಹಜ. ಸರಿಯುವುದಿಲ್ಲ. ಅದರ ಒಂದಾದರೂ ಅಕ್ಷರ ಸೆಲೆಕ್ಷನ್‌ಗೆ ಸಿಕ್ಕಿದ್ದರೆ ಮಾತ್ರ ಅದೂ ಹೋಗುತ್ತದೆ. ನಡುವೆ ಖಾಲಿ ಸಾಲುಗಳಿದ್ದರೆ ಅವನ್ನೂ ಎಡಿಟರ್ ಮುಟ್ಟುವುದಿಲ್ಲ. ಇದು ಒಳ್ಳೆಯದೇ, ಖಾಲಿ ಸಾಲಿನಲ್ಲಿ ಕಾಣದ ಸ್ಪೇಸ್ ಸೇರಿಕೊಳ್ಳುವುದು ತಪ್ಪುತ್ತದೆ.

ಈಗ ನಿಜವಾದ ವಿಷಯ. ಯಾವ ಸಾಲುಗಳನ್ನು ಸರಿಸಬೇಕು? ಒಂದು ಚಿಕ್ಕ ಉದಾಹರಣೆ ಕೊಡುತ್ತೇನೆ. ಓದಲು ಸುಲಭವಾಗಲಿ ಅಂತ ಕೋಡನ್ನು ಕನ್ನಡ ಅಕ್ಷರದಲ್ಲೇ ಬರೆದಿದ್ದೇನೆ. ಒಂದು ಫೈಲಿನಲ್ಲಿರುವ ಮಳೆಯ ಅಳತೆಯನ್ನು ಕೂಡಿಸುವ ಸ್ಕ್ರಿಪ್ಟ್ ಇದು:

    ಒಟ್ಟು = 0
    ಸಾಲುಗಳು = ಓದು(ಫೈಲ್)
    ಫಾರ್ ಸಾಲು ಇನ್ ಸಾಲುಗಳು:
        ಒಟ್ಟು = ಒಟ್ಟು + ಸಾಲು.ಮಳೆ
    ಪ್ರಿಂಟ್(ಒಟ್ಟು)

ಇದನ್ನು ಹಲವು ಫೈಲಿಗೆ ಮಾಡಬೇಕಾದರೆ ಹೀಗಾಗಬೇಕು:

    ಒಟ್ಟು = 0
    ಫಾರ್ ಫೈಲ್ ಇನ್ ಫೈಲ್‌ಗಳು:
        ಸಾಲುಗಳು = ಓದು(ಫೈಲ್)
        ಫಾರ್ ಸಾಲು ಇನ್ ಸಾಲುಗಳು:
            ಒಟ್ಟು = ಒಟ್ಟು + ಸಾಲು.ಮಳೆ
    ಪ್ರಿಂಟ್(ಒಟ್ಟು)

ಸರಿದದ್ದು ನಡುವಿನ ಮೂರು ಸಾಲು ಮಾತ್ರ. ಮೊದಲನೆಯದೂ ಕೊನೆಯದೂ ಇದ್ದಲ್ಲೇ ಇವೆ. ಮೂರು ಫೈಲ್ ಇವೆ, ಅವುಗಳಲ್ಲಿ 12, 8 ಮತ್ತು 5 ಮಿಲಿಮೀಟರ್ ಮಳೆ ಇದೆ ಅಂದುಕೊಳ್ಳಿ. ಉತ್ತರ 25 ಬರಬೇಕು, ಬರುತ್ತದೆ. ಫಾರ್ ಸಾಲನ್ನು ಎಲ್ಲಕ್ಕಿಂತ ಮೇಲೆ ಹಾಕಿ, ಸೊನ್ನೆ ಹಾಕುವ ಸಾಲನ್ನೂ ಸೇರಿಸಿ ಒಳಗೆ ಸರಿಸಿದರೆ? ಪ್ರತಿ ಫೈಲಿಗೂ ಲೆಕ್ಕ ಹೊಸದಾಗಿ ಶುರುವಾಗುತ್ತದೆ. ಕೊನೆಗೆ ಪ್ರಿಂಟ್ ಆಗುವುದು 5. ಎರರ್ ಇಲ್ಲ, ವಾರ್ನಿಂಗ್ ಇಲ್ಲ, ಪ್ರೋಗ್ರಾಮ್ ಚೆನ್ನಾಗಿ ಓಡುತ್ತದೆ. ಇನ್ನು ಪ್ರಿಂಟ್ ಸಾಲು ಒಳಗೆ ಹೋದರೆ 12, 20, 25 ಅಂತ ಮೂರು ಸಲ ಬರುತ್ತದೆ. ಅದು ಕಣ್ಣಿಗೆ ಬೀಳುತ್ತದೆ, ಸರಿ ಮಾಡಬಹುದು. ಸೊನ್ನೆಯ ಸಾಲು ಹಾಗಲ್ಲ. ಮೂರೇ ಫೈಲ್ ಇದ್ದಾಗ ಉತ್ತರ ಕೈಯಲ್ಲೇ ಗೊತ್ತಾಗುತ್ತದೆ. ನೂರಾರು ಫೈಲ್ ಇದ್ದಾಗ ಯಾರಿಗೆ ಗೊತ್ತಾಗಬೇಕು?

ಅದಕ್ಕೇ ನಾನು ಸರಿಸುವ ಮೊದಲು ಸೆಲೆಕ್ಷನ್‌ನ ಎರಡು ತುದಿಯನ್ನು ಓದುತ್ತೇನೆ. ಮೇಲಿನ ತುದಿಯಲ್ಲಿ ಕೇಳುವ ಪ್ರಶ್ನೆ: ಈ ಸಾಲು ಪ್ರತಿ ಸುತ್ತಿಗೂ ನಡೆಯಬೇಕಾ, ಒಂದೇ ಸಲ ಸಾಕಾ? ಕೆಳಗಿನ ತುದಿಯಲ್ಲೂ ಅದೇ ಪ್ರಶ್ನೆ. ನಡುವಿನದನ್ನು ಅಷ್ಟಾಗಿ ನೋಡುವುದಿಲ್ಲ. ನಡುವಿನ ಸಾಲುಗಳು ಒಂದಕ್ಕೊಂದು ಹೇಗಿದ್ದವೋ ಹಾಗೇ ಸರಿಯುತ್ತವೆ, ಅಲ್ಲಿ ಅರ್ಥ ಕೆಡುವುದು ಕಡಿಮೆ.

ಕಡಿಮೆ ಅಂದೆ, ಇಲ್ಲವೇ ಇಲ್ಲ ಅನ್ನಲಿಲ್ಲ. ಮೂರು ಕೋಟ್ ಹಾಕಿ ಬರೆಯುವ ಉದ್ದ ಸ್ಟ್ರಿಂಗ್ (ಹಲವು ಸಾಲಿನ ಪಠ್ಯ) ನಡುವೆ ಇದ್ದರೆ ಜಾಗ್ರತೆ. ಎಡಿಟರ್‌ಗೆ ಅದೂ ಸಾಲುಗಳೇ. ಅವುಗಳ ಮುಂದೆಯೂ ನಾಲ್ಕು ಸ್ಪೇಸ್ ಸೇರಿಸುತ್ತದೆ, ಆ ಸ್ಪೇಸ್ ಸ್ಟ್ರಿಂಗಿನ ಭಾಗವೇ ಆಗಿಬಿಡುತ್ತದೆ. ಒಳಗಿರುವುದು ಡೇಟಾಬೇಸ್‌ಗೆ ಕೇಳುವ ಎಸ್‌ಕ್ಯೂಎಲ್ ಕ್ವೆರಿ ಆದರೆ ಸಾಮಾನ್ಯವಾಗಿ ತೊಂದರೆ ಇಲ್ಲ. ಕಳಿಸಬೇಕಾದ ಈಮೇಲ್‌ನ ಪಠ್ಯವಾದರೆ ಪ್ರತಿ ಸಾಲೂ ಬಲಕ್ಕೆ ಸರಿದು ಹೋಗುತ್ತದೆ. ಇದಕ್ಕೆ ಪೈಥಾನ್‌ನ ಟೆಕ್ಸ್ಟ್‌ರ‍್ಯಾಪ್ ಮಾಡ್ಯೂಲಿನಲ್ಲಿ ಡಿಡೆಂಟ್ ಅನ್ನುವ ಫಂಕ್ಷನ್ ಇದೆ. ಎಲ್ಲ ಸಾಲಿಗೂ ಸಮನಾಗಿರುವ ಮುಂದಿನ ಜಾಗವನ್ನು ಅದು ಕತ್ತರಿಸಿ ಹಾಕುತ್ತದೆ. ಅಂಥ ಪಠ್ಯವನ್ನು ನಾನು ಫಂಕ್ಷನ್ ಒಳಗೆ ಇಡುವುದೇ ಇಲ್ಲ. ಫೈಲಿನ ಮೇಲ್ಭಾಗದಲ್ಲಿ ಒಂದು ವೇರಿಯಬಲ್ ಮಾಡಿ ಇಟ್ಟುಬಿಡುತ್ತೇನೆ. ಆಮೇಲೆ ಯಾರು ಯಾವ ಬ್ಲಾಕನ್ನು ಎಲ್ಲಿಗೆ ಸರಿಸಿದರೂ ಅದಕ್ಕೆ ಪೆಟ್ಟಿಲ್ಲ.

ಆಫೀಸಿಗೆ ಹೊಸದಾಗಿ ಬಂದ ಹುಡುಗಿಯೊಬ್ಬಳು ಕೇಳಿದಳು, "ಮೇಡಂ, ಫಾರ್ಮ್ಯಾಟ್ ಡಾಕ್ಯುಮೆಂಟ್ ಒತ್ತಿದರೆ ಎಲ್ಲ ತಾನೇ ಸರಿಹೋಗಲ್ವಾ?" ಒಳ್ಳೆಯ ಪ್ರಶ್ನೆ. ಜಾವಾಸ್ಕ್ರಿಪ್ಟ್, ಜಾವಾ, ಸಿ ಇವುಗಳಲ್ಲಿ ಸರಿಹೋಗುತ್ತದೆ. ಅಲ್ಲಿ ಒಳಗೆ ಹೊರಗೆ ಅನ್ನುವುದನ್ನು ಹೇಳುವುದು ಹೂ ಬ್ರಾಕೆಟ್. ಬ್ರಾಕೆಟ್ ಸರಿಯಾಗಿದ್ದರೆ ಇಂಡೆಂಟ್ ಎಷ್ಟೇ ಹಾಳಾಗಿದ್ದರೂ ಎಡಿಟರ್ ಅದನ್ನು ನೋಡಿಕೊಂಡು ಜೋಡಿಸುತ್ತದೆ. ವಿಂಡೋಸ್‌ನಲ್ಲಿ ಶಿಫ್ಟ್ + ಆಲ್ಟ್ + ಎಫ್ ಒತ್ತಿದರೆ ಇಡೀ ಫೈಲ್, ಸೆಲೆಕ್ಟ್ ಮಾಡಿದಷ್ಟೇ ಬೇಕಾದರೆ ಕಂಟ್ರೋಲ್ + ಕೆ, ಕಂಟ್ರೋಲ್ + ಎಫ್. ಪೈಥಾನ್‌ನಲ್ಲಿ ಆ ಬ್ರಾಕೆಟ್ ಇಲ್ಲ. ಸೊನ್ನೆಯ ಸಾಲು ಲೂಪಿನ ಒಳಗಿರಬೇಕಿತ್ತೋ ಹೊರಗೋ ಅಂತ ಬ್ಲ್ಯಾಕ್‌ನಂಥ ಫಾರ್ಮ್ಯಾಟರ್‌ಗೆ ಹೇಗೆ ಗೊತ್ತಾಗಬೇಕು? ಇಂಡೆಂಟ್ ತಪ್ಪಿ ಕೋಡು ಓದಲು ಬಾರದ ಹಾಗಿದ್ದರೆ ಅದು ಫೈಲನ್ನು ಮುಟ್ಟುವುದೇ ಇಲ್ಲ. ಓದಲು ಬಂದರೆ ನಾವು ಇಟ್ಟದ್ದೇ ಸರಿ ಅಂದುಕೊಂಡು ಅಚ್ಚುಕಟ್ಟು ಮಾಡುತ್ತದೆ. ಅಂದರೆ ಪೈಥಾನ್‌ನಲ್ಲಿ ಬ್ಲಾಕನ್ನು ಸರಿಸುವ ಜವಾಬ್ದಾರಿ ಪೂರ್ತಿ ನಮ್ಮದು.

ಹೂ ಬ್ರಾಕೆಟ್ ಭಾಷೆಯಲ್ಲಿ ಇಂಡೆಂಟ್ ಬರೀ ಅಂದಕ್ಕೆ ಅಂತ ಸಡಿಲ ಬಿಡುವುದನ್ನೂ ನಾನು ಒಪ್ಪುವುದಿಲ್ಲ. 2014ರಲ್ಲಿ ಆಪಲ್‌ನ ಐಫೋನ್ ಮತ್ತು ಮ್ಯಾಕ್ ಸಾಫ್ಟ್‌ವೇರಿನಲ್ಲಿ ಸಿಕ್ಕ 'ಗೋಟು ಫೇಲ್' ದೋಷ ನೆನಪಿದೆಯಲ್ವಾ? ಸಿ ಭಾಷೆಯ ಕೋಡು. ಒಂದು ಇಫ್ ಕೆಳಗೆ 'ಗೋಟು ಫೇಲ್' ಅನ್ನುವ ಸಾಲು ಎರಡು ಸಲ ಬಂದಿತ್ತು, ಎರಡೂ ಸಮನಾಗಿ ಇಂಡೆಂಟ್ ಆಗಿದ್ದವು. ಬ್ರಾಕೆಟ್ ಇರಲಿಲ್ಲ. ನೋಡುವವರ ಕಣ್ಣಿಗೆ ಎರಡೂ ಇಫ್ ಒಳಗೇ ಇದ್ದ ಹಾಗೆ ಕಾಣುತ್ತಿತ್ತು. ಕಂಪೈಲರ್‌ಗೆ ಮೊದಲನೆಯದು ಮಾತ್ರ ಒಳಗೆ, ಎರಡನೆಯದು ಯಾವಾಗಲೂ ನಡೆಯುತ್ತಿತ್ತು. ಸುರಕ್ಷಿತ ಸಂಪರ್ಕದ ಸಹಿ ಪರೀಕ್ಷೆ ಪೂರ್ತಿ ಆಗದೆಯೇ ಪಾಸ್ ಆಗಿಬಿಡುತ್ತಿತ್ತು. 2016ರಲ್ಲಿ ಬಂದ ಜಿಸಿಸಿ 6 ಕಂಪೈಲರಿನಲ್ಲಿ ಇಂಥ ದಾರಿ ತಪ್ಪಿಸುವ ಇಂಡೆಂಟ್ ಕಂಡರೆ ಎಚ್ಚರಿಸುವ ವಾರ್ನಿಂಗ್ ಸೇರಿತು. ಸಿ ಬರೆಯುವವರು ಅದನ್ನು ಆಫ್ ಮಾಡಬೇಡಿ ಅಂತ ನನ್ನ ವಿನಂತಿ.

ಟ್ಯಾಬ್ ಮತ್ತು ಸ್ಪೇಸ್ ಜಗಳದ ಬಗ್ಗೆ ಜಾಸ್ತಿ ಹೇಳುವುದಿಲ್ಲ. 2001ರಿಂದ ಇರುವ ಪೆಪ್ 8, ಅಂದರೆ ಪೈಥಾನ್ ಕೋಡು ಬರೆಯುವ ಶೈಲಿಯ ಮಾರ್ಗದರ್ಶಿ, ನಾಲ್ಕು ಸ್ಪೇಸ್ ಅನ್ನುತ್ತದೆ, ಪೈಥಾನ್‌ಗೆ ಅದನ್ನೇ ಪಾಲಿಸುತ್ತೇನೆ. ಲಿನಕ್ಸ್ ಕರ್ನಲ್‌ನಲ್ಲಿ ಎಂಟು ಅಕ್ಷರ ಅಗಲದ ಟ್ಯಾಬ್. ಮೇಕ್‌ಫೈಲ್‌ನಲ್ಲಿ ಕಮಾಂಡ್ ಸಾಲಿನ ಮುಂದೆ ಟ್ಯಾಬೇ ಬೇಕು, ಯಾಮಲ್‌ನಲ್ಲಿ ಇಂಡೆಂಟ್‌ಗೆ ಟ್ಯಾಬ್ ಕೂಡದು. ಎಡಿಟರ್ ಈಗ ಯಾವುದನ್ನು ಹಾಕುತ್ತಿದೆ ಅನ್ನುವುದು ಗೊತ್ತಿದ್ದರೆ ಸಾಕು. ವಿಎಸ್ ಕೋಡ್‌ನಲ್ಲಿ ಅದು ಕೆಳಗಿನ ಪಟ್ಟಿಯಲ್ಲಿ ಬಲಗಡೆ ಕಾಣುತ್ತದೆ. ಫೈಲ್ ತೆರೆದಾಗ ಅದರಲ್ಲಿ ಮೊದಲೇ ಇರುವ ಇಂಡೆಂಟ್ ನೋಡಿ ಎಡಿಟರ್ ತಾನೇ ಊಹಿಸುತ್ತದೆ, ನಮ್ಮ ಸೆಟ್ಟಿಂಗ್‌ಗಿಂತ ಆ ಊಹೆಗೇ ಬೆಲೆ ಜಾಸ್ತಿ. ಬೇರೆಯವರ ಹಳೆಯ ಫೈಲ್ ಕೈಗೆ ಬಂದಾಗ ಆ ಜಾಗವನ್ನು ಒಮ್ಮೆ ನೋಡಿಯೇ ಮುಂದುವರಿಯುತ್ತೇನೆ. ಎರಡೂ ಬೆರೆತಿದ್ದರೆ ಅಲ್ಲೇ ಕ್ಲಿಕ್ ಮಾಡಿ ಎಲ್ಲವನ್ನೂ ಸ್ಪೇಸ್ ಮಾಡಬಹುದು. ನೋಟ್‌ಪ್ಯಾಡ್ ಪ್ಲಸ್ ಪ್ಲಸ್‌ನಲ್ಲಿ ಎಡಿಟ್ ಮೆನುವಿನಲ್ಲಿ ಇದೇ ಕೆಲಸಕ್ಕೆ ಆಯ್ಕೆ ಇದೆ. ಒಂದೇ ಬ್ಲಾಕಿನಲ್ಲಿ ಎರಡೂ ಬೆರೆತು, ಟ್ಯಾಬಿನ ಅಗಲದ ಮೇಲೆ ಅರ್ಥ ನಿಲ್ಲುವ ಹಾಗಿದ್ದರೆ ಪೈಥಾನ್ 3 ಟ್ಯಾಬ್‌ಎರರ್ ಕೊಟ್ಟು ನಿಲ್ಲಿಸುತ್ತದೆ. ಅದು ಉಪಕಾರವೇ.

ಸರ್ವರ್ ಮೇಲೆ ಕೆಲಸ ಮಾಡುವಾಗ ವಿಮ್ ಎಡಿಟರ್. ಅಲ್ಲಿ ದೊಡ್ಡ ವಿ ಒತ್ತಿ, ಕೆಳಗೆ ಇಳಿದು, > ಒತ್ತಿದರೆ ಮುಗಿಯಿತು. ಇನ್ನೊಂದು ಹಂತ ಬೇಕಾದರೆ ಚುಕ್ಕಿ. ಸೆಲೆಕ್ಟ್ ಮಾಡದೆಯೇ 5>> ಅಂದರೆ ಇಲ್ಲಿಂದ ಐದು ಸಾಲು. ವಿಮ್‌ನ ಮೂಲ ಸೆಟ್ಟಿಂಗ್‌ನಲ್ಲಿ ಶಿಫ್ಟ್‌ವಿಡ್ತ್ (ಒಂದು ಹಂತದ ಅಗಲ) 8 ಇರುತ್ತದೆ, ಹಾಕುವುದೂ ಟ್ಯಾಬ್. ಮೊದಲು ಅದನ್ನು 4 ಮಾಡಿ, ಟ್ಯಾಬ್ ಬದಲು ಸ್ಪೇಸ್ ಹಾಕುವ ಎಕ್ಸ್‌ಪ್ಯಾಂಡ್‌ಟ್ಯಾಬ್ ಆನ್ ಮಾಡಿಕೊಳ್ಳುತ್ತೇನೆ. ಕನ್ನಡದಲ್ಲಿ ಕಾಮೆಂಟ್ ಬರೆಯುವವರಿಗೆ ಇನ್ನೊಂದು ಮಾತು. ಕಾಮೆಂಟ್ ಮುಗಿದ ಮೇಲೆ ಕೀಬೋರ್ಡನ್ನು ಇಂಗ್ಲಿಷಿಗೆ ತಿರುಗಿಸಿ. ಕನ್ನಡದಲ್ಲೇ ಇದ್ದರೆ ವಿಮ್‌ನ ಅಕ್ಷರದ ಆಜ್ಞೆಗಳು ನಡೆಯುವುದಿಲ್ಲ.

ಸರಿಸಿದ್ದಾಯಿತು, ಓಡಿಸಿ ನೋಡಿದ್ದಾಯಿತು, ಈಗ ಗಿಟ್‌ಗೆ (ಕೋಡಿನ ಬದಲಾವಣೆಗಳ ದಾಖಲೆ ಇಡುವ ಸಾಧನಕ್ಕೆ) ಕಮಿಟ್, ಅಂದರೆ ಬದಲಾವಣೆಯನ್ನು ದಾಖಲಿಸುವುದು. ಇಲ್ಲಿ ನಾನು ಕಟ್ಟುನಿಟ್ಟು: ಲೂಪ್ ಸೇರಿಸಿ ಸಾಲು ಸರಿಸಿದ ಕಮಿಟ್‌ನಲ್ಲಿ ಬೇರೆ ಯಾವ ಬದಲಾವಣೆಯೂ ಇರಬಾರದು. ನಲವತ್ತು ಸಾಲು ಸರಿದರೆ ಡಿಫ್‌ನಲ್ಲಿ (ಹಳೆಯ ಕೋಡಿಗೂ ಹೊಸದಕ್ಕೂ ಇರುವ ವ್ಯತ್ಯಾಸದ ಪಟ್ಟಿಯಲ್ಲಿ) ನಲವತ್ತು ಸಾಲು ಕೆಂಪು, ನಲವತ್ತು ಸಾಲು ಹಸಿರು. ಅದರ ನಡುವೆ ಒಂದು ಲೆಕ್ಕದ ಸೂತ್ರವನ್ನೂ ಬದಲಿಸಿದ್ದರೆ ರಿವ್ಯೂ ಮಾಡುವವರು ಹುಡುಕುವುದು ಹೇಗೆ? ಗಿಟ್ ಡಿಫ್‌ಗೆ -ಡಬ್ಲ್ಯೂ ಅಂತ ಕೊಟ್ಟರೆ ಖಾಲಿ ಜಾಗದ ವ್ಯತ್ಯಾಸವನ್ನು ಅದು ಲೆಕ್ಕಕ್ಕೆ ತೆಗೆದುಕೊಳ್ಳುವುದಿಲ್ಲ. ಆಗ ಎಂಬತ್ತು ಸಾಲಿನ ಜಾಗದಲ್ಲಿ ಉಳಿಯುವುದು ಹೊಸ ಫಾರ್ ಸಾಲು ಒಂದೇ. ಪ್ರತಿ ಸಾಲನ್ನು ಕೊನೆಗೆ ಬದಲಿಸಿದವರು ಯಾರು ಅಂತ ತೋರಿಸುವ ಗಿಟ್ ಬ್ಲೇಮ್‌ಗೂ ಇದನ್ನೇ ಕೊಡಬಹುದು, ಆ ಸಾಲನ್ನು ನಿಜವಾಗಿ ಬರೆದವರ ಹೆಸರೇ ಬರುತ್ತದೆ.

ಆದರೆ ಪೈಥಾನ್ ಫೈಲಿಗೆ -ಡಬ್ಲ್ಯೂ ಒಂದನ್ನೇ ನಂಬಬೇಡಿ. ಸೊನ್ನೆಯ ಸಾಲಿನ ಮೇಲೆ ಫಾರ್ ಬಂದು, ಅದು ತಪ್ಪಾಗಿ ಲೂಪಿನ ಒಳಗೆ ಹೋಗಿದ್ದರೂ, ಈ ಡಿಫ್‌ನಲ್ಲಿ ಹೊಸದಾಗಿ ಕಾಣುವುದು ಫಾರ್ ಸಾಲು ಮಾತ್ರ. ಸೊನ್ನೆಯ ಸಾಲು ಬದಲಾಗಿಯೇ ಇಲ್ಲ ಅನ್ನುವ ಹಾಗೆ ಸುಮ್ಮನೆ ಕೂತಿರುತ್ತದೆ. ಹಾಗಾಗಿ ನಾನು ಎರಡು ಸಲ ನೋಡುತ್ತೇನೆ. -ಡಬ್ಲ್ಯೂ ಹಾಕಿ ಒಮ್ಮೆ, ಬೇರೇನೂ ನುಸುಳಿಲ್ಲ ಅಂತ ತಿಳಿಯಲು. ಅದಿಲ್ಲದೆ ಇನ್ನೊಮ್ಮೆ, ಕೆಂಪು ಹಸಿರು ಶುರುವಾಗುವ ಸಾಲು ಯಾವುದು, ಮುಗಿಯುವ ಸಾಲು ಯಾವುದು ಅಂತ ನೋಡಲು. ರಿವ್ಯೂಗೆ ಕಳಿಸುವಾಗ ಆ ಎರಡು ಸಾಲಿನ ನಂಬರನ್ನು ಕಮಿಟ್ ಮೆಸೇಜಿನಲ್ಲೇ ಬರೆದುಬಿಡುತ್ತೇನೆ.