ಏಳನೆಯ ತರಗತಿ ಮುಗಿಸಿದ ಹುಡುಗಿ ಎಂಟಕ್ಕೆ ತಲುಪಬೇಕಾದರೆ

ಯಾದಗಿರಿ ಜಿಲ್ಲೆಯ ಅನೇಕ ಹಳ್ಳಿಗಳಲ್ಲಿ ಸರ್ಕಾರಿ ಶಾಲೆ ಏಳನೆಯ ತರಗತಿಗೆ ಮುಗಿಯುತ್ತದೆ. ಮುಂದಿನ ಓದಿಗೆ ಹೋಬಳಿ ಊರಿನ ಪ್ರೌಢಶಾಲೆಗೆ ಹೋಗಬೇಕು. ಹುಡುಗಿಯರ ಓದು ಹೆಚ್ಚಾಗಿ ತುಂಡಾಗುವುದು ಈ ಎರಡು ಶಾಲೆಗಳ ನಡುವೆಯೇ. ತಂದೆ ಬಂದು ಟಿ.ಸಿ. (ವರ್ಗಾವಣೆ ಪತ್ರ) ಪಡೆಯುತ್ತಾನೆ, ಅದು ಮನೆಯ ಟ್ರಂಕಿನಲ್ಲಿ ರೇಷನ್ ಕಾರ್ಡಿನ ಜೊತೆ ಉಳಿದುಬಿಡುತ್ತದೆ. ಹಳೆಯ ಶಾಲೆಯ ಲೆಕ್ಕದಲ್ಲಿ ಆಕೆ ಹೊರಟುಹೋದವಳು, ಹೊಸ ಶಾಲೆಯ ಲೆಕ್ಕದಲ್ಲಿ ಇನ್ನೂ ಬಾರದವಳು. ಹೀಗಾಗಿ ಆಕೆಯ ಗೈರುಹಾಜರಿಯನ್ನು ಬರೆದುಕೊಳ್ಳುವ ಪುಸ್ತಕವೇ ಇರುವುದಿಲ್ಲ. 2011ರ ಜನಗಣತಿಯಂತೆ ಈ ಜಿಲ್ಲೆಯ ಪುರುಷರ ಸಾಕ್ಷರತೆ ಸುಮಾರು ಶೇ 62, ಮಹಿಳೆಯರದು ಸುಮಾರು ಶೇ 41. ಎಸ್‌ಡಿಎಂಸಿ (ಶಾಲಾಭಿವೃದ್ಧಿ ಮತ್ತು ಮೇಲುಸ್ತುವಾರಿ ಸಮಿತಿ) ಸದಸ್ಯರು ಮತ್ತು ಶಿಕ್ಷಕರು ಸೇರಿ ಆ ಪುಸ್ತಕವನ್ನು ತಾವೇ ಇಡುವುದು ಹೇಗೆ ಎಂಬುದನ್ನು ಇಲ್ಲಿ ಹೇಳಿದ್ದೇನೆ.

ಕೆಲಸ ಆರಂಭಿಸಬೇಕಾದದ್ದು ಮಾರ್ಚ್ ತಿಂಗಳಲ್ಲಿ, ಪರೀಕ್ಷೆಗೆ ಮೊದಲೇ. ನೂರು ಪುಟದ ಒಂದು ನೋಟ್‌ಬುಕ್ಕಿನಲ್ಲಿ ಏಳನೆಯ ತರಗತಿಯ ಪ್ರತಿ ಹುಡುಗಿಗೂ ಒಂದು ಪುಟ ಮೀಸಲಿಟ್ಟು, ಆಕೆ ಸೇರಲಿರುವ ಪ್ರೌಢಶಾಲೆ, ಹೋಗುವ ಬಸ್ಸು, ಜೊತೆಗೆ ಹೋಗುವ ಗೆಳತಿಯರು, ಮನೆಯಲ್ಲಿರುವ ಚಿಕ್ಕ ಮಕ್ಕಳು, ಕುಟುಂಬ ಗುಳೆ ಹೋಗುವ ತಿಂಗಳು ಇಷ್ಟನ್ನು ಬರೆದುಕೊಳ್ಳಬೇಕು. ಪಾಲಕರ ಒಪ್ಪಿಗೆಯಿದ್ದರೆ ಟಿ.ಸಿ.ಗಳನ್ನು ಮುಖ್ಯೋಪಾಧ್ಯಾಯರೇ ಪ್ರೌಢಶಾಲೆಗೆ ಒಟ್ಟಾಗಿ ತಲುಪಿಸಿ, ದಾಖಲಾತಿ ಆದದ್ದನ್ನು ಅದೇ ನೋಟ್‌ಬುಕ್ಕಿನಲ್ಲಿ ಗುರುತಿಸುವುದು ಉತ್ತಮ.

ಶಿಕ್ಷಣ ಹಕ್ಕು ಕಾಯ್ದೆ (2009) ಶಾಲಾ ಸಮಿತಿಯಲ್ಲಿ ಮುಕ್ಕಾಲು ಭಾಗ ಪಾಲಕರೂ ಒಟ್ಟು ಸದಸ್ಯರಲ್ಲಿ ಅರ್ಧದಷ್ಟು ಮಹಿಳೆಯರೂ ಇರಬೇಕೆಂದು ವಿಧಿಸುತ್ತದೆ. ಆದರೆ ಸಭೆಯನ್ನು ಬೆಳಗಿನ ಹನ್ನೊಂದಕ್ಕೆ ಕರೆದರೆ ಹೆಣ್ಣುಮಕ್ಕಳು ಹೊಲದಲ್ಲಿರುತ್ತಾರೆ, ಗಂಡಂದಿರು ಬಂದು ಸಹಿ ಹಾಕಿ ಹೋಗುತ್ತಾರೆ. ಹೀಗೆ ನಡೆದ ಸಭೆಯನ್ನು ನಾನು ಸಭೆಯೆಂದು ಎಣಿಸುವುದಿಲ್ಲ. ಕೂಲಿಯಿಂದ ಮರಳಿದ ಮೇಲೆ ಸಂಜೆ, ಇಲ್ಲವೇ ಎತ್ತು ಹೂಡದ ಅಮಾವಾಸ್ಯೆಯಂದು ಸಭೆ ಇಟ್ಟುಕೊಂಡರೆ ತಾಯಂದಿರು ಬರುತ್ತಾರೆ. ನಡಾವಳಿಯನ್ನು ಗಟ್ಟಿಯಾಗಿ ಓದಿ ಹೇಳಿದ ನಂತರವೇ ಸಹಿ ಅಥವಾ ಹೆಬ್ಬೆಟ್ಟು ಪಡೆಯಬೇಕು.

ಮನೆ ಭೇಟಿಯಲ್ಲಿ ಕಾನೂನಿನ ಮಾತಿನಿಂದ ಆರಂಭಿಸಬಾರದು. “ದೊಡ್ಡಾಕಿ ಆಗ್ಯಾಳ್ರಿ ಅಕ್ಕೋರೆ, ಇನ್ನ ಸಾಲಿ ಸಾಕು” ಎಂದು ತಾಯಿ ಹೇಳಿದರೆ ಆ ಮಾತಿನ ಹಿಂದೆ ಇರುವುದು ಬಹಳ ಸಲ ಓದಿನ ತಿರಸ್ಕಾರವಲ್ಲ, ದಾರಿಯ ಭಯ. ಆದ್ದರಿಂದ ಬಸ್ಸು ಎಷ್ಟಕ್ಕೆ ಬಿಡುತ್ತದೆ, ಸಂಜೆ ಎಷ್ಟಕ್ಕೆ ಇಳಿಸುತ್ತದೆ, ನಿಲ್ದಾಣದಲ್ಲಿ ಯಾರಿರುತ್ತಾರೆ ಎಂಬ ಪ್ರಶ್ನೆಗಳಿಗೆ ಉತ್ತರ ಸಿದ್ಧವಿಟ್ಟುಕೊಂಡೇ ಹೋಗಬೇಕು. ಮನೆಯ ಅಜ್ಜಿಯನ್ನೂ ಸೋದರಮಾವನನ್ನೂ ಮಾತಿಗೆ ಕೂರಿಸಿಕೊಳ್ಳುವುದನ್ನು ಮರೆಯಬಾರದು, ಏಕೆಂದರೆ ನಮ್ಮ ಕಡೆ ಮದುವೆಯ ಮಾತು ಅವರಿಂದಲೇ ಏಳುತ್ತದೆ. ಏಪ್ರಿಲ್ ಮತ್ತು ಮೇ ತಿಂಗಳು ಶಾಲೆಗೆ ರಜೆಯ ಕಾಲವೂ ಹೌದು, ಮದುವೆಯ ಹಂಗಾಮೂ ಹೌದು. ಹದಿನೆಂಟು ತುಂಬದವಳ ಮದುವೆಯ ಸುದ್ದಿ ಕಿವಿಗೆ ಬಿದ್ದರೆ ಮಕ್ಕಳ ಸಹಾಯವಾಣಿ 1098ಕ್ಕೆ ಕರೆ ಮಾಡಬೇಕು, ಆಗ ತಡಮಾಡುವಂತಿಲ್ಲ. ಬಾಲ್ಯವಿವಾಹ ನಿಷೇಧ ಕಾಯ್ದೆಗೆ ಕರ್ನಾಟಕ ತಂದ ತಿದ್ದುಪಡಿಯಂತೆ ಅಂಥ ಮದುವೆ ಮೊದಲಿನಿಂದಲೇ ಅಸಿಂಧು.

ಬಸ್ಸಿನ ವಿಷಯಕ್ಕೆ ಬಂದರೆ, 2023ರ ಜೂನ್ 11ರಂದು ಆರಂಭವಾದ ಶಕ್ತಿ ಯೋಜನೆಯಿಂದ ಹುಡುಗಿಯರ ಟಿಕೆಟ್ ಖರ್ಚು ನಿಂತಿದೆ, ವೇಳೆಯ ತೊಡಕು ನಿಂತಿಲ್ಲ. ಕಲ್ಯಾಣ ಕರ್ನಾಟಕ ರಸ್ತೆ ಸಾರಿಗೆ ನಿಗಮದ ಡಿಪೊ ವ್ಯವಸ್ಥಾಪಕರಿಗೆ ಕೊಡುವ ಅರ್ಜಿಯಲ್ಲಿ “ಬಸ್ಸಿನ ತೊಂದರೆ ಇದೆ” ಎಂದಷ್ಟೇ ಬರೆದರೆ ಅದು ಕಡತದಲ್ಲಿ ಮಲಗುತ್ತದೆ. ಯಾವ ಊರಿನಿಂದ ಎಷ್ಟು ವಿದ್ಯಾರ್ಥಿನಿಯರು, ಪ್ರೌಢಶಾಲೆಯ ಮೊದಲ ಮತ್ತು ಕೊನೆಯ ಗಂಟೆ ಎಷ್ಟಕ್ಕೆ, ಈಗಿನ ಬಸ್ಸು ಎಷ್ಟು ನಿಮಿಷ ಹಿಂದುಮುಂದು ಎಂಬುದನ್ನು ನಮೂದಿಸಿ, ಗ್ರಾಮ ಪಂಚಾಯಿತಿಯ ಠರಾವನ್ನು ಲಗತ್ತಿಸಿ, ಸ್ವೀಕೃತಿಯ ಮುದ್ರೆ ಹಾಕಿಸಿಕೊಂಡು ಬರಬೇಕು. ಮಕ್ಕಳ ಗ್ರಾಮಸಭೆಯಲ್ಲಿ ಹುಡುಗಿಯರೇ ಎದ್ದು ನಿಂತು ಇದನ್ನು ಕೇಳಿದರೆ ಆ ಠರಾವು ಬೇಗ ಆಗುತ್ತದೆ.

ಶೌಚಾಲಯವನ್ನು ಲೆಕ್ಕದಲ್ಲಿ “ಇದೆ” ಎಂದು ಬರೆಯುವ ಮೊದಲು ಒಳಗೆ ಹೋಗಿ ನೋಡಬೇಕು. ನಾನು ಒಮ್ಮೆ ನೋಡಿದ ಕಡೆ ಸುಣ್ಣಬಣ್ಣ ಹೊಸದಾಗಿತ್ತು. ಒಳಗಿನ ಚಿಲಕ ಕಿತ್ತುಹೋಗಿ, ಇಬ್ಬರು ಗೆಳತಿಯರು ಹೊರಗೆ ನಿಂತು ಬಾಗಿಲು ಹಿಡಿದರೆ ಮಾತ್ರ ಮೂರನೆಯವಳು ಬಳಸಬಹುದಾಗಿತ್ತು, ನೀರಿನ ಕೊಡ ಅಂಗಳದ ಆಚೆಯಿಂದ ಬರಬೇಕಿತ್ತು. ಚಿಲಕ, ನೀರು, ಮುಚ್ಚಳವಿರುವ ಕಸದ ಬುಟ್ಟಿ, ಬೀಗವಿದ್ದರೆ ಕೀಲಿ ಯಾರ ಬಳಿ ಎಂಬ ನಾಲ್ಕನ್ನು ತಿಂಗಳಿಗೊಮ್ಮೆ ಒಬ್ಬ ತಾಯಿ ಪರಿಶೀಲಿಸಲಿ. ಕೀಲಿ ಕೇಳಲು ಹುಡುಗಿ ಗಂಡು ಶಿಕ್ಷಕರ ಎದುರು ನಿಲ್ಲಬೇಕಾದರೆ ಆಕೆ ನೀರು ಕುಡಿಯುವುದನ್ನೇ ಬಿಡುತ್ತಾಳೆ.

ತರಗತಿಯೊಳಗಿನ ಸಮಾನತೆಯನ್ನು ಅಳೆಯಲು ಒಂದು ವಾರ ಸಾಕು: ಕಸ ಗುಡಿಸಿದವರು, ರಂಗೋಲಿ ಹಾಕಿದವರು, ಆಟದ ಚೆಂಡು ಪಡೆದವರು, ಕಪ್ಪುಹಲಗೆಗೆ ಲೆಕ್ಕ ಬಿಡಿಸಲು ಹೋದವರು ಎಂದು ನಾಲ್ಕು ಕಾಲಂ ಎಳೆದು ಗೆರೆ ಹಾಕುತ್ತ ಹೋಗಿ, ಮುಂದಿನ ವಾರ ಪಾಳಿಯನ್ನು ಬದಲಿಸಬೇಕು.

ಜೂನ್ ಮೊದಲ ವಾರದಲ್ಲಿ ನೋಟ್‌ಬುಕ್ ಹಿಡಿದು ಪ್ರೌಢಶಾಲೆಗೇ ಹೋಗಿ ಹೆಸರುಗಳನ್ನು ತಾಳೆ ನೋಡಬೇಕು. ಟಿ.ಸಿ. ತಡವಾಯಿತೆಂಬ ಕಾರಣಕ್ಕೆ ಆರರಿಂದ ಹದಿನಾಲ್ಕರೊಳಗಿನ ಮಗುವಿಗೆ ಪ್ರವೇಶ ನಿರಾಕರಿಸಲು ಬರುವುದಿಲ್ಲ. ನಡುವೆ ಓದು ಬಿಟ್ಟವಳನ್ನೂ ವಯಸ್ಸಿಗೆ ತಕ್ಕ ತರಗತಿಗೆ ಸೇರಿಸಿ ವಿಶೇಷ ತರಬೇತಿ ಕೊಡಬೇಕೆಂದು ಶಿಕ್ಷಣ ಹಕ್ಕು ಕಾಯ್ದೆಯೇ ಹೇಳುತ್ತದೆ. ಪಾಲಕರು ಬೆಂಗಳೂರಿಗೋ ಪುಣೆಗೋ ಗುಳೆ ಹೋಗುವ ಮನೆಯಾದರೆ ಕಸ್ತೂರಬಾ ಗಾಂಧಿ ಬಾಲಿಕಾ ವಿದ್ಯಾಲಯದಂಥ ವಸತಿ ವ್ಯವಸ್ಥೆಯನ್ನು ಬಿಇಒ (ಕ್ಷೇತ್ರ ಶಿಕ್ಷಣಾಧಿಕಾರಿ) ಕಚೇರಿಯಲ್ಲಿ ಮೊದಲೇ ವಿಚಾರಿಸಿಡಬೇಕು.

ಸೇರಿದ ಮೇಲೂ ನೋಟ್‌ಬುಕ್ ಮುಚ್ಚುವಂತಿಲ್ಲ. ದಸರೆ ದಾಟಿ ಹತ್ತಿ ಬಿಡಿಸುವ ಕೆಲಸ ಆರಂಭವಾದಾಗ ಹುಡುಗಿಯರ ಬೆಂಚು ಮತ್ತೆ ತೆರವಾಗುತ್ತದೆ, ಒಬ್ಬಳು ಹೊಲಕ್ಕೆ, ಇನ್ನೊಬ್ಬಳು ಮನೆಯ ಕೂಸು ಹಿಡಿಯಲು. ಎರಡನೆಯವಳ ವಿಷಯದಲ್ಲಿ ತಾಯಿಯೊಡನೆ ವಾದಿಸುವುದಕ್ಕಿಂತ ಅಂಗನವಾಡಿ ಕಾರ್ಯಕರ್ತೆಯೊಡನೆ ಮಾತಾಡಿ, ಮೂರು ತುಂಬಿದ ಆ ಕೂಸನ್ನು ಅಲ್ಲಿ ಸೇರಿಸಿ, ಅಂಗನವಾಡಿ ಬಿಡುವ ಹೊತ್ತಿನಿಂದ ಸಂಜೆಯ ಬಸ್ಸು ಬರುವವರೆಗೆ ಅದನ್ನು ನೋಡಿಕೊಳ್ಳುವವರ ಹೆಸರನ್ನು ಅಕ್ಕನ ಪುಟದಲ್ಲಿ ಬರೆಯಬೇಕು.