ಉಡುಪು ಮಾರಲಿಲ್ಲ, ಬಾಡಿಗೆಗೆ ಕೊಟ್ಟೆ: ರಂಗದ ವಸ್ತ್ರವಿನ್ಯಾಸದಲ್ಲಿ ನನ್ನ ಅನುಭವ

ನಾಟಕದ ಉಡುಪು ಮಾಡಿಯೇ ಜೀವನ ನಡೆಸುತ್ತೇನೆ ಅಂದಾಗ ನಕ್ಕವರೇ ಜಾಸ್ತಿ. "ಪಕ್ಕದಲ್ಲಿ ಇನ್ನೊಂದು ಕೆಲಸ ಇಟ್ಟುಕೋ" ಅಂತ ಈ ಕ್ಷೇತ್ರದ ಹಿರಿಯರೇ ಹೇಳಿದ್ದರು. ಶುರುವಿನ ಆರೇಳು ವರ್ಷ ಅವರ ಮಾತೇ ನಿಜವಾಯಿತು ಅನ್ನಿ. ಚಪ್ಪಾಳೆ ಸಿಕ್ಕಿತು, ಚೀಲಗಟ್ಟಲೆ ತುಂಡುಬಟ್ಟೆ ಉಳಿಯಿತು, ದುಡ್ಡು ಮಾತ್ರ ಉಳಿಯಲಿಲ್ಲ. ಈಗ ಇದೊಂದರಲ್ಲೇ ನಡೆಯುತ್ತಿದೆ. ಹೇಗೆ ಅಂತ ಕೇಳುವವರಲ್ಲಿ ಅವತ್ತು ನಕ್ಕವರೂ ಇದ್ದಾರೆ.

ತೊಂದರೆ ಇದ್ದದ್ದು ಲೆಕ್ಕದಲ್ಲಿ. ತಂಡದವರು ಬಟ್ಟೆಗೂ ನನಗೂ ಸೇರಿಸಿ ಒಂದೇ ಮೊತ್ತ ಕೊಡುತ್ತಿದ್ದರು. ಅದರಲ್ಲಿ ಹತ್ತಿರ ಹತ್ತಿರ ಅರ್ಧ ಬಟ್ಟೆಗೆ, ಕಾಲು ಭಾಗಕ್ಕಿಂತ ಜಾಸ್ತಿ ಹೊಲಿಗೆಗೆ, ಒಂದಿಷ್ಟು ಓಡಾಟಕ್ಕೆ. ಕೊನೇ ವಾರ ನಿರ್ದೇಶಕರು "ಇಲ್ಲೊಂದು ಶಾಲು ಇದ್ದಿದ್ರೆ ಚೆನ್ನಾಗಿರ್ತಿತ್ತು ಅಲ್ವಾ" ಅಂದರೆ ಆ ಶಾಲು ನನ್ನ ಪಾಲಿನಿಂದಲೇ ಹೋಗುತ್ತಿತ್ತು. ಒಂದು ತಂಡವಂತೂ ಬಾಕಿ ಕೊಡಲೇ ಇಲ್ಲ. ಉಡುಪೆಲ್ಲ ಅವರ ಟ್ರಂಕಿನಲ್ಲಿ. ಆಮೇಲೆ ಅವನ್ನೇ ಬೇರೆಯವರಿಗೆ ಬಾಡಿಗೆಗೆ ಕೊಟ್ಟರಂತೆ. ಸಿಟ್ಟು ನೆತ್ತಿಗೇರಿತು. ಆದರೆ ದಾರಿ ಕಂಡದ್ದೂ ಅಲ್ಲೇ.

ಅಲ್ಲಿಂದ ಎರಡೇ ಷರತ್ತು. ನನ್ನ ಫೀಸು ಬೇರೆ, ಉಡುಪಿನ ದುಡ್ಡು ಬೇರೆ. ಉಡುಪು ನನ್ನದು, ತಂಡ ಬಾಡಿಗೆ ಕೊಡಬೇಕು. ಹೊಸದು ಹೊಲಿಸುವ ಖರ್ಚಿನ ಮೂರನೇ ಒಂದು ಪಾಲಿಗೆ ಅವರ ನಾಟಕ ಮುಗಿಯುತ್ತದೆ, ಹಾಗಾಗಿ ಗೊಣಗುತ್ತಲೇ ಒಪ್ಪುತ್ತಾರೆ. ಫೀಸು ಮೂರು ಕಂತು: ಸ್ಕೆಚ್ ಒಪ್ಪಿದಾಗ, ಮೊದಲ ಟ್ರಯಲ್‌ಗೆ, ಕೊನೆಯದು ಡ್ರೆಸ್ ರಿಹರ್ಸಲ್ ದಿನ. ಪರದೆ ಎದ್ದ ಮೇಲೆ ಯಾರೂ ಫೋನ್ ಎತ್ತುವುದಿಲ್ಲ.

"ಅದದೇ ಉಡುಪು ಎಲ್ಲ ನಾಟಕದಲ್ಲೂ ಬಂದರೆ ಜನಕ್ಕೆ ಗೊತ್ತಾಗಲ್ವಾ?" ಎಲ್ಲರ ಅನುಮಾನ ಇದೇ. ಗೊತ್ತಾಗಲ್ಲ. ದೂರದಿಂದ ಕಾಣುವುದು ಆಕಾರ, ಕೊರಳು, ಸೊಂಟ ಎಲ್ಲಿ ಕೂತಿದೆ ಅನ್ನೋದು. ಅದಕ್ಕೇ ನಾನು ತಳಕ್ಕೆ ಸಾದಾ ಉಡುಪು ಹೊಲಿಸಿದೆ: ಉದ್ದ ಅಂಗಿ, ಅಗಲ ಪೈಜಾಮ, ನೆರಿಗೆಯ ಲಂಗ. ಕಾಲರು, ಕಫ್, ಎದೆಪಟ್ಟಿ, ಬೆಲ್ಟು ಎಲ್ಲ ಮೇಲಿನಿಂದ ಕಟ್ಟುವಂಥವು. ಪಕ್ಕದ ಹೊಲಿಗೆಯಲ್ಲಿ 2 ಇಂಚು ಮಾರ್ಜಿನ್, ಕೆಳಗಿನ ಮಡಿಕೆಯಲ್ಲಿ 4 ಇಂಚು, ಕಂಕುಳಲ್ಲಿ ಒಂದು ಚೌಕ ತುಂಡು. ನಟ ಕೈ ಎತ್ತಿದರೂ ಅಂಗಿ ಸೊಂಟದಿಂದ ಮೇಲೆ ಬರಲ್ಲ. ಟೈಲರ್ "ಇಷ್ಟು ಬಟ್ಟೆ ಒಳಗೆ ಸುಮ್ನೆ ಬಿಡ್ತೀರಲ್ಲ" ಅಂತ ಬೈದ. ಸುಮ್ನೆ ಅಲ್ಲ. ಸಣಕಲ ನಟನಿಗೆ ಹೊಲಿದ ಅಂಗಿ ದಪ್ಪನೆಯವನಿಗೂ ಆಗಬೇಕಲ್ಲ!

ಮೊದಲ ಸೆಟ್ಟು ಬಣ್ಣದಲ್ಲಿ ಹಾಳಾಯಿತು. ಬಿಳಿ ಹತ್ತಿ ಹೊಲಿಸಿ, ಸೋಡಾ ಹಾಕಿ ರಿಯಾಕ್ಟಿವ್ ಡೈ ಅನ್ನೋ, ಹತ್ತಿಗೆ ಹತ್ತುವ ಬಣ್ಣದಲ್ಲಿ ಕಡುನೀಲಿ ಮಾಡಿಸಿದ್ದೆ. ಬಟ್ಟೆ ಬಣ್ಣ ಹೀರಿತು, ಹೊಲಿಗೆ ನೂಲು ಹೀರಲಿಲ್ಲ. ಪಾಲಿಯೆಸ್ಟರ್ ನೂಲು, ಆ ಡೈ ಅದಕ್ಕೆ ಹತ್ತಲ್ಲ. ಲೈಟ್ ಬಿದ್ದಾಗ ಪ್ರತಿ ಹೊಲಿಗೆಯೂ ಸೀಮೆಸುಣ್ಣದಲ್ಲಿ ಗೆರೆ ಎಳೆದ ಹಾಗೆ ಬೆಳ್ಳಗೆ ಎದ್ದು ಕಂಡಿತು. ಟೈಲರ್‌ಗೆ ಹತ್ತಿ ನೂಲೇ ಹಾಕು ಅಂತ ಒತ್ತಿ ಹೇಳಿದ್ದೆ. ಅವನ ಕೈಗೆ ಸಿಕ್ಕಿದ್ದು ಬೇರೆ. ಈಗ ನೂಲಿನ ರೀಲು ನಾನೇ ಕೊಡುತ್ತೇನೆ. ಡೈ ಹಾಕೋದಕ್ಕೆ ಮುಂಚೆ ಬಟ್ಟೆಯನ್ನು ಇನ್ನೊಂದರಲ್ಲಿ ನೆನೆಸುತ್ತೇನೆ, ಅದು ಏನು ಅಂತ ಇಲ್ಲಿ ಬರೆಯಲ್ಲ.

ಮೇಲಿನ ತುಂಡುಗಳಿಗೆ ವೆಲ್ಕ್ರೋ ಹಾಕಿ ನೋಡಿದೆ. ಸಾವಿನ ದೃಶ್ಯದ ಮೌನದಲ್ಲಿ ಪಕ್ಕದ ಪರದೆ ಹಿಂದೆ ಪರ್ರ್ ಅಂತ ಸದ್ದು. ಆಮೇಲೆ ಸಣ್ಣ ಆಯಸ್ಕಾಂತ ತಂದೆ. ತುಂಬಾ ಖುಷಿಯಲ್ಲಿದ್ದೆ, ಸೇನಾಪತಿಯ ತಗಡಿನ ಕತ್ತಿ ಹೋಗಿ ಅವನ ಎದೆಪಟ್ಟಿಗೇ ಅಂಟುವವರೆಗೆ. ಪೆಟ್ಟಿಗೆ ತುಂಬಾ ಆಯಸ್ಕಾಂತ ಇನ್ನೂ ಬಿದ್ದಿದೆ, ಬಿದ್ದ ಗುಂಡುಪಿನ್ನು ಆರಿಸೋಕೆ ಚೆನ್ನಾಗಿದೆ. ಈಗ ದೊಡ್ಡ ಪ್ರೆಸ್ ಬಟನ್, ಜೊತೆಗೆ ಒಳಗಡೆ ಒಂದು ಎಲಾಸ್ಟಿಕ್ ಕುಣಿಕೆ. ಕುಣಿಕೆ ಎಲ್ಲಿ ಹೊಲಿಯಬೇಕು ಅನ್ನೋದು ನನ್ನ ಹೊಟ್ಟೆಪಾಡು. ಭಿಕ್ಷುಕನನ್ನು ರಾಜ ಮಾಡೋಕೆ ಹೆಚ್ಚುಕಮ್ಮಿ 20 ಸೆಕೆಂಡ್ ಸಾಕು ಅಂತ ಮಾತ್ರ ಹೇಳಬಲ್ಲೆ.

ಹಳೆಯದಾಗಿ ಕಾಣಿಸಲು ಉಪ್ಪುಕಾಗದ ಉಜ್ಜುವುದು, ಬಣ್ಣ ಚಿಮುಕಿಸುವುದು ಎಲ್ಲ ಮೇಲಿನ ತುಂಡಿಗೆ ಮಾತ್ರ. ತಳದ ಉಡುಪು ಮುಟ್ಟಲು ನಿರ್ದೇಶಕರಿಗೂ ಬಿಡಲ್ಲ.

ಉಡುಪು ನಾಟಕಕ್ಕಿಂತ ಹೆಚ್ಚು ಬಾಳುತ್ತದೆ ಅನ್ನೋದು ನಾನು ಕಂಡುಹಿಡಿದದ್ದಲ್ಲ. 'ಬ್ಯಾಲೆ ರೂಸ್' ಅನ್ನೋ ನೃತ್ಯತಂಡ ನಡೆಸುತ್ತಿದ್ದ ರಷ್ಯಾದ ಡಿಯಾಗಿಲೆವ್ 1929ರಲ್ಲಿ ತೀರಿಕೊಂಡ ಮೇಲೆ ಆ ತಂಡ ನಿಂತುಹೋಯಿತು. ಕಲಾವಿದ ಬಾಕ್‌ಸ್ಟ್ ಮುಂತಾದವರು ಅದಕ್ಕೆ ವಿನ್ಯಾಸ ಮಾಡಿದ್ದ ಉಡುಪುಗಳು 1960ರ ದಶಕದ ಕೊನೆಗೆ ಲಂಡನ್ನಿನಲ್ಲಿ ಹರಾಜಾದವು. ಇವತ್ತು ಮ್ಯೂಸಿಯಂಗಳಲ್ಲಿವೆ. ನಮ್ಮವು ಮ್ಯೂಸಿಯಂಗೆ ಹೋಗೋದು ಬೇಡ, ಟ್ರಂಕಿನಲ್ಲಿ ಕೊಳೆಯದಿದ್ದರೆ ಸಾಕು.

ಈಗ ಚಿಕ್ಕದು ದೊಡ್ಡದು ಸೇರಿ 200ರ ಆಸುಪಾಸು ತುಂಡುಗಳಿವೆ. ಆದಾಯದಲ್ಲಿ ನೂರಕ್ಕೆ 40ರಷ್ಟು ಬಾಡಿಗೆಯಿಂದಲೇ. ಇದರಲ್ಲಿ ಒಗೆಯುವ, ಇಡುವ ಖರ್ಚು ಕಳೆಯಬೇಕು. ಅದು ನೀವು ಅಂದುಕೊಂಡದ್ದಕ್ಕಿಂತ ಜಾಸ್ತಿಯೇ ಆಗುತ್ತದೆ. ಮೊದಲ ಎರಡು ಮೂರು ನಾಟಕದ ಫೀಸು ಪೂರ್ತಿ ಬಟ್ಟೆಗೇ ಸುರಿಯಬೇಕು, ಅಷ್ಟು ದಿನ ಕೈ ಬಿಗಿ ಹಿಡಿಯಬೇಕು. ಬಾಡಿಗೆ ಪತ್ರದಲ್ಲಿ ಒಂದು ಸಾಲು ಮಾತ್ರ ಬಿಡಬೇಡಿ: ಕೈಹೊಲಿಗೆ ಹಾಕಿ ಬಿಗಿ ಮಾಡಿಕೊಳ್ಳಬಹುದು, ಕತ್ತರಿ ಹಾಕಿದರೆ ಪೂರ್ತಿ ಬೆಲೆ ಕೊಡಬೇಕು.